ಹಂಪಿ ಸೀಮೆಯ ಐತಿಹ್ಯಗಳನ್ನು ಓದುವ ಬಗೆ

ಹೊಸಪೇಟೆಯ ನೈಋತ್ಯಕ್ಕೆ, ಸಂಡೂರು ಗುಡ್ಡಗಳ ಕಣಿವೆಯ ಬಾಯಲ್ಲಿ, ಕೃಷ್ಣದೇವರಾಯನ ಕಾಲದ್ದೆಂದು ಹೇಳುವ ದೊಡ್ಡ ಕೆರೆಯೊಂದರ ಏರಿ ಇದೆ. ಆ ಕೆರೆ ಕಟ್ಟಿದ ಬಗೆಯನ್ನು ಇಬ್ಬರು ಪೋರ್ಚುಗೀಸರು ಬರೆದಿಟ್ಟಿದ್ದಾರೆ. 1520ರ ಸುಮಾರಿಗೆ ವಿಜಯನಗರಕ್ಕೆ ಬಂದ ಡೊಮಿಂಗೊ ಪಾಯಸ್ ಅಲ್ಲಿ 15ರಿಂದ 20 ಸಾವಿರ ಜನ ದುಡಿಯುತ್ತಿದ್ದುದನ್ನು ತಾನೇ ಕಂಡದ್ದಾಗಿ ಹೇಳುತ್ತಾನೆ. ಏರಿ ಎರಡು ಮೂರು ಸಲ ಒಡೆಯಿತು, ದೇವರು ರಕ್ತ ಕೇಳಿತು, ರಾಜ ಗುಡಿಯ ಬಾಗಿಲಲ್ಲಿ 60 ಜನರ ತಲೆಗಳನ್ನೂ ಕೆಲವು ಕುದುರೆ ಕೋಣಗಳ ತಲೆಗಳನ್ನೂ ಕಡಿಸಿದ ಎಂದು ಅವನು ಮುಂದುವರಿಸುತ್ತಾನೆ. ಕೆಲಸಗಾರರ ಮಾತಿಗಿರುವ 'ಕಂಡೆ' ಎಂಬ ಒತ್ತು ಬಲಿಯ ಮಾತಿಗಿಲ್ಲ. ಸುಮಾರು 15 ವರ್ಷದ ಮೇಲೆ ಬರೆದ ಫೆರ್ನಾವ್ ನೂನಿಜ್ ಇದೇ ಕಥೆಯನ್ನು ಬೇರೆ ರೀತಿ ಹೇಳುತ್ತಾನೆ. ಅವನ ಪ್ರಕಾರ ತಲೆ ಕೊಟ್ಟವರು ಮರಣದಂಡನೆಗೆ ಅರ್ಹರಾಗಿ ಸೆರೆಯಲ್ಲಿದ್ದವರು. ಕೆರೆ ಅದೇ, ರಾಜನೂ ಅವನೇ, ಬಲಿಯೂ ಅದೇ. ಆದರೆ ನೂನಿಜ್‌ನ ಕಥೆಯಲ್ಲಿ ರಾಜನ ಮೇಲಿನ ಪಾಪದ ಹೊರೆ ಹಗುರಾಗಿದೆ. ರಾಯ ತೀರಿಕೊಂಡು ಕೆಲವೇ ವರ್ಷಗಳಾಗಿದ್ದಾಗ ಪಟ್ಟಣದ ಜನ ಅವನ ಕೆರೆಯ ಬಗ್ಗೆ ಹೀಗೂ ಮಾತಾಡುತ್ತಿದ್ದರು ಎಂದು ಇದರಿಂದ ತಿಳಿಯುತ್ತದೆ.

ಇಂಥ ಬರಹ ಸಿಕ್ಕಾಗ ನಾವು ಮೊದಲು ಕೇಳುವುದು, ಬಲಿ ನಿಜವಾಗಿ ನಡೆಯಿತೇ ಎಂದು. ಕೇಳಬೇಕಾದದ್ದೇ. ಆದರೆ ಅಲ್ಲಿಗೇ ನಿಂತರೆ ನಮ್ಮ ಕೈಗೆ ಬರುವುದು ಹೌದು, ಅಲ್ಲ ಎಂಬ ಎರಡು ಉತ್ತರಗಳಲ್ಲಿ ಒಂದು ಮಾತ್ರ. ಕೆರೆಗೆ ಬಲಿ ಕೊಡುವ ಕಥೆ ಕನ್ನಡಿಗರಿಗೆ ಹೊಸದಲ್ಲ. 'ಕೆರೆಗೆ ಹಾರ'ದ ಭಾಗೀರಥಿ ನಮ್ಮ ಶಾಲೆಯ ಪಠ್ಯಗಳ ತನಕ ಬಂದಿದ್ದಾಳೆ. ಜಪಾನಿನಲ್ಲೂ ಒಡ್ಡು, ಸೇತುವೆ, ಕೋಟೆ ನಿಲ್ಲಲೆಂದು ಮನುಷ್ಯರನ್ನು ಹೂಳುವ ಕಥೆಗಳ ದೊಡ್ಡ ಗುಂಪೇ ಇದೆ. ಕ್ರಿ.ಶ. 720ರಲ್ಲಿ ಪೂರ್ಣಗೊಂಡ 'ನಿಹೊನ್ ಶೊಕಿ' ಎಂಬ ಚರಿತ್ರೆಯ ಗ್ರಂಥದಲ್ಲೇ ಮಂದಾ ಒಡ್ಡಿನ ಕಥೆ ಬರುತ್ತದೆ. ಅಲ್ಲಿ ಹೊಳೆಯ ದೇವರು ಇಬ್ಬರನ್ನು ಬೇಡುತ್ತದೆ. ಒಬ್ಬ ಅಳುತ್ತ ನೀರಿಗೆ ಇಳಿಯುತ್ತಾನೆ. ಇನ್ನೊಬ್ಬ ಸೋರೆಬುರುಡೆಗಳನ್ನು ನೀರಿಗೆಸೆದು, ದೇವರು ದಿಟವಾದರೆ ಇವನ್ನು ಮುಳುಗಿಸಲಿ ಎನ್ನುತ್ತಾನೆ. ಅವು ಮುಳುಗುವುದಿಲ್ಲ, ಅವನ ಜೀವ ಉಳಿಯುತ್ತದೆ, ಒಡ್ಡೂ ನಿಲ್ಲುತ್ತದೆ. ಅಷ್ಟು ಹಳೆಯ ಕಥೆಯೇ ಬಲಿಯನ್ನು ಒಪ್ಪುವವನನ್ನೂ ಪ್ರಶ್ನಿಸುವವನನ್ನೂ ಪಕ್ಕಪಕ್ಕ ನಿಲ್ಲಿಸಿದೆ. ಹಂಪಿ ಸೀಮೆಯ ಐತಿಹ್ಯಗಳನ್ನು ಓದಲು ನಮಗೆ ಬೇಕಾದದ್ದು ಈ ಎಚ್ಚರ. ಕಥೆ ಯಾವ ಕಾಲವನ್ನು ಕುರಿತದ್ದೋ ಆ ಕಾಲಕ್ಕಿಂತ ಹೆಚ್ಚಾಗಿ, ಅದನ್ನು ಹೇಳಿದ ಕಾಲಕ್ಕೆ ಮತ್ತು ಹೇಳಿದವರ ಬಾಳಿಗೆ ಅದು ಗಟ್ಟಿ ಸಾಕ್ಷಿ. ಆ ಸಾಕ್ಷಿ ನಮಗೆ ದಕ್ಕಬೇಕಾದರೆ ಪಾಠಾಂತರಗಳನ್ನು ಅಕ್ಕಪಕ್ಕ ಇಟ್ಟು, ಯಾರು, ಎಲ್ಲಿ, ಯಾವಾಗ, ಯಾರ ಮುಂದೆ ಹೇಳಿದರು ಎಂಬುದನ್ನು ಕಥೆಯ ಜೊತೆಗೇ ಹಿಡಿದಿಡಬೇಕು. ಈ ಲೇಖನದ ವಾದ ಇದು.

ಈ ಸೀಮೆಯ ಕಥೆಗಳನ್ನು ಕೂಡಿಹಾಕಿದ ಚರಿತ್ರೆ ಚಿಕ್ಕದಲ್ಲ. ಕಾಲಿನ್ ಮೆಕೆಂಜಿ 1799ರಲ್ಲಿ ಹಂಪಿಗೆ ಬಂದು ಪಾಳುನಗರದ ನಕ್ಷೆ ತಯಾರಿಸಿದ. ಕಾವಲಿ ವೆಂಕಟ ಬೋರಯ್ಯನಂಥ ಸಹಾಯಕರ ನೆರವಿನಿಂದ ಅವನು ಊರೂರಿನ ಕೈಫಿಯತ್ತುಗಳನ್ನು ಬರೆಸಿಕೊಂಡ. ಶಾನುಭೋಗರು, ಪೂಜಾರಿಗಳು, ಪಾಳೆಯಗಾರರ ವಂಶದವರು ತಮ್ಮ ಊರು, ಗುಡಿ, ಮನೆತನದ ಬಗ್ಗೆ ಹೇಳಿದ್ದು ಅವುಗಳಲ್ಲಿದೆ. ಎಂ. ಎಂ. ಕಲಬುರ್ಗಿಯವರ ಸಂಪಾದಕತ್ವದಲ್ಲಿ ಕನ್ನಡದ ಕೈಫಿಯತ್ತುಗಳನ್ನು ಹಂಪಿಯ ಕನ್ನಡ ವಿಶ್ವವಿದ್ಯಾಲಯವೇ ಪ್ರಕಟಿಸಿದೆ. 1900ರಲ್ಲಿ ರಾಬರ್ಟ್ ಸೀವೆಲ್ ಪಾಯಸ್ ಮತ್ತು ನೂನಿಜ್ ಅವರ ಬರಹಗಳನ್ನು ಇಂಗ್ಲಿಷಿಗೆ ತಂದು ತನ್ನ ವಿಜಯನಗರ ಚರಿತ್ರೆಯ ಜೊತೆ ಅಚ್ಚು ಹಾಕಿಸಿದ. 1904ರಲ್ಲಿ ಡಬ್ಲ್ಯು. ಫ್ರಾನ್ಸಿಸ್ ಬರೆದ ಬಳ್ಳಾರಿ ಗೆಜೆಟಿಯರ್ ಬಂತು. ಈ ದಾಖಲೆಗಳು ಇಲ್ಲದಿದ್ದರೆ ಇಂದು ನಮಗೆ ಹೋಲಿಸಿ ನೋಡಲು ಹಳೆಯ ಪಾಠಗಳೇ ಇರುತ್ತಿರಲಿಲ್ಲ. ಆದರೆ ಇವುಗಳನ್ನು ಬರೆಸಿದವರಿಗೆ ಬೇಕಾಗಿದ್ದದ್ದು ಭೂಮಿಯ ಹಕ್ಕು, ರಾಜರ ಸಾಲು, ಆಡಳಿತಕ್ಕೆ ಒದಗುವ ಮಾಹಿತಿ. ಕಥೆ ಹೇಳಿದವರ ದನಿ ಅಲ್ಲಿ ಗುಮಾಸ್ತನ ಲೇಖನಿಯಿಂದ ಸೋಸಿ ಬಂದಿದೆ. ಹೆಂಗಸರ ಕಥೆಗಳು, ಅಲೆಮಾರಿಗಳ ಕಥೆಗಳು ಆ ಕಾಗದಗಳ ಮೇಲೆ ಬಂದದ್ದು ಬಹಳ ಕಡಿಮೆ.

ಆಮೇಲೆ ಬಂದ ಚರಿತ್ರಕಾರರು ಈ ಕಥೆಗಳನ್ನು ನ್ಯಾಯಾಲಯದ ಸಾಕ್ಷಿಗಳಂತೆ ಕರೆದು ವಿಚಾರಿಸಿದರು. 1929ರಲ್ಲಿ ಫಾದರ್ ಹೆನ್ರಿ ಹೆರಾಸ್, ವಿದ್ಯಾರಣ್ಯರು ವಿಜಯನಗರವನ್ನು ಸ್ಥಾಪಿಸಿದರೆಂಬ ಕಥೆ 16ನೆಯ ಶತಮಾನದ ಆರಂಭದಲ್ಲಿ ಶೃಂಗೇರಿ ಮಠದವರು ಕಟ್ಟಿದ್ದು ಎಂದು ವಾದಿಸಿದರು. ಅದೇ ವರ್ಷ ಎನ್. ವೆಂಕಟರಮಣಯ್ಯನವರು ಕಂಪಿಲಿ ಮತ್ತು ವಿಜಯನಗರದ ಸಂಬಂಧ ಕುರಿತ ಪುಸ್ತಕ ಪ್ರಕಟಿಸಿದರು. 1933ರಲ್ಲಿ ನಗರದ ಹಾಗೂ ಸಾಮ್ರಾಜ್ಯದ ಹುಟ್ಟಿನ ಬಗ್ಗೆ ಇನ್ನೊಂದನ್ನು ಬರೆದು, ಹೆರಾಸರು ತಳ್ಳಿಹಾಕಿದ ಪರಂಪರೆಯನ್ನು ಎತ್ತಿಹಿಡಿದರು. ವಿಜಯನಗರ ಕಟ್ಟಿದ ಹರಿಹರ, ಬುಕ್ಕ ಮೊದಲಾದ ಸಂಗಮ ಸೋದರರು ಓರುಗಲ್ಲಿನಿಂದ ಬಂದವರೋ ಹೊಯ್ಸಳರ ಕಡೆಯವರೋ ಎಂಬ ಜಗಳ ದಶಕಗಳ ಕಾಲ ನಡೆಯಿತು. ಎರಡೂ ಪಕ್ಷದವರು ಶಾಸನಗಳನ್ನು ಶ್ರದ್ಧೆಯಿಂದ ಓದಿದರು, ಅವರ ದುಡಿಮೆ ದೊಡ್ಡದು. ಆದರೆ ಐತಿಹ್ಯದ ವಿಷಯದಲ್ಲಿ ಇಬ್ಬರೂ ಒಂದೇ ಕೆಲಸ ಮಾಡಿದರು. ತಮ್ಮ ವಾದಕ್ಕೆ ಒಪ್ಪುವ ತುಂಡನ್ನು ನಿಜ ಎಂದು ಉಳಿಸಿಕೊಂಡು, ಒಪ್ಪದ್ದನ್ನು ಕಟ್ಟುಕಥೆ ಎಂದು ಬಿಟ್ಟರು. ಹೀಗೆ ತುಂಡರಿಸಿದಾಗ ಇಡೀ ಕಥೆ ಏಕೆ ಹುಟ್ಟಿತು, ಏಕೆ ಉಳಿಯಿತು ಎಂಬ ಪ್ರಶ್ನೆಯೇ ಬಿದ್ದುಹೋಯಿತು.

ಆ ಪ್ರಶ್ನೆಯನ್ನು ಮತ್ತೆ ಎತ್ತಿದಾಗ ಏನು ಸಿಗುತ್ತದೆ ಎಂಬುದಕ್ಕೆ ಮೊಲ ಮತ್ತು ನಾಯಿಯ ಕಥೆಯನ್ನೇ ನೋಡಬಹುದು. ಆನೆಗೊಂದಿಯ ರಾಜ ಬೇಟೆಗೆ ಬಂದಾಗ ಮೊಲವೊಂದು ಓಡುವ ಬದಲು ತಿರುಗಿ ನಾಯಿಗಳನ್ನೇ ಕಚ್ಚಿತು. ಅಲ್ಲಿ ತಪಸ್ಸು ಮಾಡುತ್ತಿದ್ದವರ ಮಾತಿನಂತೆ ರಾಜ ಪಟ್ಟಣ ಕಟ್ಟಿದ ಎಂದು ನೂನಿಜ್ ಬರೆಯುತ್ತಾನೆ. ಇದೇ ಕಥೆ ಅಹಮದಾಬಾದಿಗೂ ಇದೆ, ಕೆಂಪೇಗೌಡನ ಬೆಂಗಳೂರಿಗೂ ಇದೆ. ಊರೂರಿಗೆ ಅಂಟುವ ಕಥೆಯಾದ್ದರಿಂದ ಹಂಪಿಯಲ್ಲಿ ಮೊಲ ನಾಯಿಯನ್ನು ಅಟ್ಟಿತೆಂದು ಯಾರೂ ಸಾಧಿಸಬೇಕಾಗಿಲ್ಲ. ಆದರೆ ನೂನಿಜ್ ಇದನ್ನು ಕೇಳಿದ್ದು 1535ರ ಸುಮಾರಿಗೆ, ಸಾಮ್ರಾಜ್ಯ ತುಂಬಿ ನಿಂತಿದ್ದಾಗ. ಹೊಸ ರಾಜರು ಪಟ್ಟಕ್ಕೇರುವ ದಿನ ಆ ತಪಸ್ವಿಯ ನೆನಪಿನ ಗುಡಿಯನ್ನು ಮೊದಲು ಹೊಕ್ಕೇ ಅರಮನೆಗೆ ಹೋಗುತ್ತಿದ್ದರು ಎಂದೂ ಅವನು ಹೇಳುತ್ತಾನೆ. ಅಂದರೆ ಕಥೆ ಆಗ ಪಟ್ಟಾಭಿಷೇಕದ ಒಂದು ಭಾಗವಾಗಿತ್ತು. ಇದರ ಪಕ್ಕದಲ್ಲಿ ಇಂದು ಹಂಪಿಯಲ್ಲಿ ಹೇಳುವ ಶಂಖದ ಕಥೆಯನ್ನು ಇಡೋಣ. ವಿದ್ಯಾರಣ್ಯರು ಒಳ್ಳೆಯ ಮುಹೂರ್ತಕ್ಕೆ ಕಾದು ಶಂಖ ಊದಬೇಕೆಂದಿದ್ದರು. ಅಷ್ಟರಲ್ಲಿ ಯಾರೋ ಭಿಕ್ಷುಕ ಊದಿದ ಶಂಖವನ್ನು ಕೇಳಿ ಅಡಿಗಲ್ಲು ಇಟ್ಟುಬಿಟ್ಟರು. ಹಾಗಾಗಿ ರಾಜ್ಯ ಬಾಳಬೇಕಾದಷ್ಟು ಕಾಲ ಬಾಳಲಿಲ್ಲ. ಈ ಕಥೆಗೆ ಕೊನೆ ಗೊತ್ತಿದೆ. 1565ರಲ್ಲಿ ವಿಜಯನಗರ ಸೋತದ್ದನ್ನು ಕಂಡವರು, ಅಥವಾ ಕಂಡವರಿಂದ ಕೇಳಿದವರು ಮಾತ್ರ ಇದನ್ನು ಹೀಗೆ ಹೇಳಲು ಸಾಧ್ಯ. ನೂನಿಜ್‌ನಲ್ಲಿ ಈ ಶಂಖ ಇಲ್ಲ. ಒಂದೇ ಸ್ಥಾಪನೆಯ ಎರಡು ಕಥೆಗಳಲ್ಲಿ ಒಂದು ವೈಭವದ ದಿನಗಳದ್ದು, ಇನ್ನೊಂದು ಪಾಳುಬಿದ್ದ ಮೇಲಿನದು. 14ನೆಯ ಶತಮಾನದ ಬಗ್ಗೆ ಇವು ಹೇಳುವುದು ಸ್ವಲ್ಪ. ತಾವು ಹುಟ್ಟಿದ ಕಾಲದ ಬಗ್ಗೆ ಹೇಳುವುದು ಬಹಳ.

ಹರ್ಮನ್ ಕುಲ್ಕೆ 1985ರಲ್ಲಿ ಇಡೀ ವಿದ್ಯಾರಣ್ಯ ಚರ್ಚೆಯನ್ನು ಮತ್ತೆ ಪರಿಶೀಲಿಸಿ, ಮಠ, ಅರಸರು ಮತ್ತು ಚರಿತ್ರಕಾರರು ಮೂವರೂ ಈ ಕಥೆಯಲ್ಲಿ ಹೇಗೆ ಪಾಲುದಾರರು ಎಂದು ತೋರಿಸಿದರು. ಫಿಲಿಪ್ ವ್ಯಾಗನರ್ 1993ರಲ್ಲಿ 'ರಾಯವಾಚಕಮು' ಎಂಬ ತೆಲುಗು ಗದ್ಯಕೃತಿಯನ್ನು ಅನುವಾದಿಸಿ, ಅದು ಕೃಷ್ಣದೇವರಾಯನ ಕಾಲದ ವರದಿಯಲ್ಲ, 1600ರ ಆಸುಪಾಸಿನಲ್ಲಿ ಮಧುರೆಯ ನಾಯಕರ ಆಸ್ಥಾನದಲ್ಲಿ ರಚನೆಯಾದದ್ದು ಎಂದು ವಾದಿಸಿದರು. ಅಳಿದ ರಾಜಧಾನಿಯ ವಾರಸುದಾರರು ತಾವೇ ಎಂದು ಹೇಳಿಕೊಳ್ಳುವ ಅಗತ್ಯ ಮಧುರೆಗೆ ಇತ್ತು. ಹರಿಹರ ಬುಕ್ಕರನ್ನು ದೆಹಲಿಗೆ ಸೆರೆ ಒಯ್ದು, ಸುಲ್ತಾನನೇ ಅಧಿಕಾರ ಕೊಟ್ಟು ಹಿಂದಕ್ಕೆ ಕಳಿಸಿದ ಎಂಬ ಕಥೆಯನ್ನೂ ಅವರು 2000ದ ಒಂದು ಪ್ರಬಂಧದಲ್ಲಿ ಹೀಗೆಯೇ ಓದಿದರು: ಆ ಕಥೆಯನ್ನು ಬೆಳೆಸಿದವರಿಗೆ ದೆಹಲಿ ಬರೀ ಶತ್ರುವಾಗಿರಲಿಲ್ಲ, ಅಧಿಕಾರಕ್ಕೆ ಮಾನ್ಯತೆ ಕೊಡುವ ಮೂಲವೂ ಆಗಿತ್ತು. ಸೋದರರು ಮತ ಬದಲಿಸಿದರೋ ಇಲ್ಲವೋ ಎಂಬ ಹಗ್ಗಜಗ್ಗಾಟದಲ್ಲಿ ಯಾರಿಗೂ ಕಾಣದ ವಿಷಯ ಇದು. ಒಟ್ಟು ಕಥೆಯನ್ನು ಅದರ ಕಾಲದಲ್ಲಿಟ್ಟು ಓದಿದ್ದರಿಂದಲೇ ಅದು ಕಾಣಿಸಿತು.

ಇದು ಅರಮನೆಯ ಕಥೆಗಳಿಗೆ ಮಾತ್ರ ಸಲ್ಲುವ ಮಾತು, ಹೊಲದ ಬದುವಿನಲ್ಲಿ ಹುಟ್ಟಿದ ಸ್ಥಳಕಥೆಗಳಿಗೆ ಇಂಥ ಕಾಲನಿರ್ಣಯ ಸಾಧ್ಯವಿಲ್ಲ ಎಂದು ಯಾರಾದರೂ ಹೇಳಬಹುದು. ಕಾಲ ಗೊತ್ತಾಗದೆ ಇರಬಹುದು, ಆದರೆ ಕಥೆ ಕಟ್ಟಿದವರ ಕಣ್ಣು ಗೊತ್ತಾಗುತ್ತದೆ. ವಿಠ್ಠಲ ಗುಡಿಯ ಪೂರ್ವಕ್ಕೆ ನಿಂಬಾಪುರದಲ್ಲಿ ಒಂದು ಬೂದಿಗುಡ್ಡೆ ಇದೆ. ಸುಗ್ರೀವನ ಗವಿ, ಸೀತಾ ಸರೋವರ, ಋಷ್ಯಮೂಕ, ಮಾಲ್ಯವಂತಗಳ ನಡುವೆ ಇರುವ ಈ ಗುಡ್ಡೆಯನ್ನು ಜನ ವಾಲಿಯ ಚಿತೆ ಎನ್ನುತ್ತಾರೆ. ಅಲ್ಲಿಂದ ಬಳ್ಳಾರಿ ಕಡೆಗೆ ಹೋದರೆ ಕುಡತಿನಿಯಲ್ಲಿ ಇಂಥದೇ, ಇನ್ನೂ ದೊಡ್ಡದಾದ ಗುಡ್ಡೆ ಇದೆ. ನ್ಯೂಬೋಲ್ಡ್ ಎಂಬ ಅಧಿಕಾರಿ 1830ರ ದಶಕದಲ್ಲಿ ಅದರ ಬಗ್ಗೆ ಬರೆದಾಗ, ಅದು ಹಿಡಿಂಬಾಸುರನನ್ನು ಸುಟ್ಟ ಜಾಗ ಎಂಬ ಊರವರ ಮಾತನ್ನೂ ದಾಖಲಿಸಿದ. ಆ ಗುಡ್ಡೆಯ ಕರಗಿ ಗಟ್ಟಿಯಾದ ಕಿಟ್ಟ ಜ್ವಾಲಾಮುಖಿಯದೇ ಎಂಬ ಚರ್ಚೆ ವಿದ್ವಾಂಸರಲ್ಲಿ ಆಗ ನಡೆದಿತ್ತು. ಇವು ನವಶಿಲಾಯುಗದ ದನಗಾಹಿಗಳು ದೊಡ್ಡಿಗಳಲ್ಲಿ ಒಟ್ಟಿದ ಸಗಣಿಯನ್ನು ಮತ್ತೆ ಮತ್ತೆ ಸುಟ್ಟಾಗ ಆದ ರಾಶಿಗಳು ಎಂಬುದನ್ನು ಉತನೂರಿನ ಉತ್ಖನನದ ಬಲದಿಂದ ಎಫ್. ಆರ್. ಆಲ್ಚಿನ್ 1963ರ ತಮ್ಮ ಪುಸ್ತಕದಲ್ಲಿ ಸ್ಥಾಪಿಸಿದರು. ವಾಲಿಯೂ ಹಿಡಿಂಬನೂ ಅಲ್ಲಿ ಇಲ್ಲ. ಆದರೂ ಊರವರು ಒಂದು ವಿಷಯವನ್ನು ಸರಿಯಾಗಿ ಕಂಡಿದ್ದರು: ಇದು ನೆಲದೊಳಗಿನಿಂದ ಉಕ್ಕಿದ್ದಲ್ಲ, ನೆಲದ ಮೇಲೆ ಯಾರೋ ದೊಡ್ಡದಾಗಿ ಬೆಂಕಿ ಹಾಕಿದ್ದರಿಂದ ಆದದ್ದು. ಕಂಡದ್ದಕ್ಕೆ ಹೆಸರಿಡುವಾಗ ಅವರು ಕೈಗೆ ಹತ್ತಿರವಿದ್ದ ಪುರಾಣವನ್ನು ತೆಗೆದುಕೊಂಡರು. ತುಂಗಭದ್ರೆಯ ದಡದಲ್ಲಿ ಅದು ರಾಮಾಯಣ, ಕುಡತಿನಿಯ ಬಯಲಿನಲ್ಲಿ ಭಾರತ. ಹಂಪಿಯಲ್ಲಿ ಕಿಷ್ಕಿಂಧೆ ಎಲ್ಲಿಯವರೆಗೆ ಹಬ್ಬಿತ್ತು ಎಂಬುದರ ಗಡಿಯನ್ನು ಈ ಎರಡು ಗುಡ್ಡೆಗಳ ಕಥೆಗಳಿಂದಲೇ ಗುರುತಿಸತೊಡಗಬಹುದು. ಹಂಪಿಗೂ ಕಮಲಾಪುರಕ್ಕೂ ನಡುವಿನ ಅಕ್ಕ-ತಂಗಿ ಗುಡ್ಡದ ಕಥೆ, ಸಂಡೂರಿನ ಕುಮಾರಸ್ವಾಮಿ ಬೆಟ್ಟದ ಕಥೆಗಳು, ಪಂಪಾ-ವಿರೂಪಾಕ್ಷರ ಫಲಪೂಜೆ ಕಲ್ಯಾಣಗಳ ಸುತ್ತಲಿನ ಕಥೆಗಳು ಎಲ್ಲವೂ ಇಂಥ ಓದನ್ನು ಕಾಯುತ್ತಿವೆ.

ಈ ಸೀಮೆಯ ಅತಿ ದೊಡ್ಡ ಕಥೆ ಕಂಪಿಲಿಯ ಕುಮಾರರಾಮನದು. ಚರಿತ್ರೆಯ ಕಡೆಯಿಂದ ಗೊತ್ತಿರುವುದು ಇಷ್ಟು. ಮಹಮ್ಮದ್ ಬಿನ್ ತುಘಲಕನ ಮೇಲೆ ಬಂಡೆದ್ದ ಬಹಾವುದ್ದೀನ್ ಗುರ್ಷಾಸ್ಪ್‌ನಿಗೆ ಕಂಪಿಲಿಯ ರಾಯ ಆಶ್ರಯ ಕೊಟ್ಟ. 1327ರ ವೇಳೆಗೆ ದೆಹಲಿಯ ಸೇನೆ ಆ ರಾಜ್ಯವನ್ನು ಮುಗಿಸಿತು. ಹೆಂಗಸರು ಬೆಂಕಿಗೆ ಬಿದ್ದದ್ದನ್ನೂ ರಾಯ ಹೋರಾಡಿ ಸತ್ತದ್ದನ್ನೂ ಇಬ್ನ್ ಬತೂತ ಗೌರವದಿಂದ ಹೇಳುತ್ತಾನೆ. ರಾಯನ 11 ಮಕ್ಕಳು ಸೆರೆಯಾಗಿ, ಇಸ್ಲಾಂ ಸ್ವೀಕರಿಸಿ, ದೆಹಲಿಯಲ್ಲಿ ಅಮೀರರಾದರೆಂದೂ ಅವರಲ್ಲಿ ಕೆಲವರನ್ನು ತಾನು ಬಲ್ಲೆನೆಂದೂ ಸೇರಿಸುತ್ತಾನೆ. ಕನ್ನಡದ ಕಥೆ ಬೇರೆ ದಾರಿ ಹಿಡಿಯಿತು. ನಂಜುಂಡ ಕವಿಯ ಸಾಂಗತ್ಯ ಮೊದಲಾದ ಕೃತಿಗಳಲ್ಲೂ ಬಾಯಿಮಾತಿನ ಹಾಡುಗಳಲ್ಲೂ ಕುಮಾರರಾಮನ ಚೆಂಡು ಮಲತಾಯಿ ರತ್ನಾಜಿಯ ಅರಮನೆಗೆ ಬೀಳುತ್ತದೆ. ಅವಳು ಅವನನ್ನು ಬಯಸುತ್ತಾಳೆ, ಅವನು ಒಪ್ಪುವುದಿಲ್ಲ, ಅವಳು ಗಂಡನಲ್ಲಿ ದೂರುತ್ತಾಳೆ. ಕಂಪಿಲರಾಯ ಮಗನ ತಲೆ ತರಲು ಹೇಳುತ್ತಾನೆ. ಮಂತ್ರಿ ಬೈಚಪ್ಪ ಬೇರೆಯವರ ತಲೆ ತೋರಿಸಿ ರಾಮನನ್ನು ಅಡಗಿಸಿಡುತ್ತಾನೆ. ರಾಮ ಸತ್ತನೆಂದು ನಂಬಿ ದೆಹಲಿಯ ಸೇನೆ ಏರಿ ಬಂದಾಗ ಅವನು ಹೊರಬಂದು ಹೋರಾಡುತ್ತಾನೆ, ಕೊನೆಗೆ ಯುದ್ಧದಲ್ಲಿ ಮಡಿದು ದೇವರಾಗುತ್ತಾನೆ. ಕುಮ್ಮಟದುರ್ಗದಿಂದ ಮಲೆನಾಡಿನವರೆಗೆ ಪರನಾರಿ ಸೋದರನೆಂದು ಅವನಿಗೆ ಪೂಜೆ ನಡೆಯುತ್ತದೆ. ಒಂದು ಸಣ್ಣ ರಾಜ್ಯ ಅಳಿದದ್ದು ಶೌರ್ಯ ಸಾಲದೆ ಅಲ್ಲ, ಮನೆಯೊಳಗಿನ ನಂಬಿಕೆ ಮುರಿದದ್ದರಿಂದ ಎಂದು ಈ ಕಥೆ ತನ್ನ ಜನಕ್ಕೆ ವಿವರಣೆ ಕೊಡುತ್ತಿದೆ. ದೆಹಲಿಯಲ್ಲಿ ಅಮೀರರಾಗಿದ್ದ ಮಕ್ಕಳು ಈ ನೆನಪಿನಲ್ಲಿ ನಿಲ್ಲಲಿಲ್ಲ. ಮಡಿದ ಮಗ ನಿಂತ. ಹೀಗೆ ಏನು ಉಳಿಯಿತು, ಏನು ಬಿದ್ದುಹೋಯಿತು ಎಂಬ ಆಯ್ಕೆಯೇ ಚರಿತ್ರೆಯ ದಾಖಲೆ.

ಇಲ್ಲಿ ಜಪಾನಿನ ವಿದ್ವತ್ತು ನಮಗೆ ಹತ್ತಿರವಾಗುತ್ತದೆ. ಮಗನನ್ನು ಬಯಸಿ ದೂರುವ ಮಲತಾಯಿಯ ಕಥೆ ಅಶೋಕನ ಮಗ ಕುಣಾಲನದ್ದಾಗಿ ಬೌದ್ಧ ಗ್ರಂಥಗಳಲ್ಲಿ ಬೆಳೆದು, ಚೀನಾದ ಮೂಲಕ ಜಪಾನನ್ನು ಸೇರಿತು. 12ನೆಯ ಶತಮಾನದ ಮೊದಲ ಭಾಗದಲ್ಲಿ ಸಂಕಲನಗೊಂಡ 'ಕೊಂಜಾಕು ಮೊನೊಗತರಿಷು'ವಿನಲ್ಲಿ ಅದು ಇದೆ. 31 ಸಂಪುಟಗಳಾಗಿ ಯೋಜಿಸಿದ ಈ ಕೃತಿಯಲ್ಲಿ ಒಂದು ಸಾವಿರಕ್ಕೂ ಹೆಚ್ಚು ಕಥೆಗಳಿವೆ. ಮೊದಲ 5 ಸಂಪುಟಗಳು ಭಾರತಕ್ಕೇ ಮೀಸಲು. ನಮ್ಮ ಋಷ್ಯಶೃಂಗ ಅಲ್ಲಿ ಒಂಟಿಕೊಂಬಿನ ಸನ್ಯಾಸಿಯಾಗಿದ್ದಾನೆ. ಅದೇ ಶತಮಾನದ ಕೊನೆಯ 'ಹೊಬುತ್ಸುಷು'ವಿನಲ್ಲಿ ಕಪಿಗಳ ನೆರವಿನಿಂದ ರಾಣಿಯನ್ನು ಮರಳಿ ಪಡೆಯುವ ರಾಜನ ಕಥೆ ಬರುತ್ತದೆ, ರಾಮ ಎಂಬ ಹೆಸರಿಲ್ಲದ ರಾಮಾಯಣ ಅದು. ಆಮೇಲಿನ ಅಲೆಮಾರಿ ಕಥನಕಾರರು ಹೇಳಿದ 'ಐಗೊ ನೊ ವಾಕಾ'ದಲ್ಲಿ ಮಲತಾಯಿಯ ದೂರಿಗೆ ಸಿಕ್ಕ ಹುಡುಗ ಅಬ್ಬಿಗೆ ಹಾರಿ ಸತ್ತು, ಹಿಯೊಶಿಯ ಸನ್ನೊ ಗುಡಿಯಲ್ಲಿ ದೇವರಾಗುತ್ತಾನೆ. ಕುಮಾರರಾಮನೂ ಐಗೊನೂ ಒಂದೇ ಬಳ್ಳಿಯ ಕಾಯಿಗಳಂತೆ ಕಾಣುತ್ತಾರೆ. ಹಾಗೆಂದು ಎರಡನ್ನೂ ಕಥಾವರ್ಗಗಳ ಸೂಚಿಯ ಒಂದೇ ಸಂಖ್ಯೆಗೆ ಸೇರಿಸಿ ಕೈ ತೊಳೆದುಕೊಂಡರೆ ತಪ್ಪಾಗುತ್ತದೆ. ಕುಣಾಲನ ಕಥೆ ಕರ್ಮಫಲವನ್ನೂ ಅವನು ಕಳೆದುಕೊಂಡ ಕಣ್ಣು ಧರ್ಮದ ಬಲದಿಂದ ಮರಳಿದ್ದನ್ನೂ ಹೇಳುತ್ತದೆ. ಐಗೊನ ಕಥೆ ಒಂದು ಗುಡಿಯ ದೇವರು ಮನುಷ್ಯನಾಗಿದ್ದಾಗ ಪಟ್ಟ ನೋವನ್ನು ಹೇಳುತ್ತದೆ. ಕಂಪಿಲಿಯದು ರಾಜ್ಯನಾಶವನ್ನು ಹೇಳುತ್ತದೆ. ಹೋಲಿಕೆ ಮಾಡಿದಾಗಲೇ ಕಂಪಿಲಿಯವರು ಈ ಹಳೆಯ ಬೀಜದಿಂದ ತಮ್ಮದೇ ಆದ ಏನನ್ನು ಬೆಳೆದರು ಎಂಬುದು ಎದ್ದು ಕಾಣುವುದು.

ಜಪಾನಿನ ಜಾನಪದ ವಿದ್ವಾಂಸರೂ ಈ ಹಂತಕ್ಕೆ ಒಂದೇ ಹೆಜ್ಜೆಯಲ್ಲಿ ಬಂದವರಲ್ಲ. ಯಾನಗಿತಾ ಕುನಿಯೊ 1910ರಲ್ಲಿ 'ತೋನೊ ಮೊನೊಗತರಿ'ಯನ್ನು ಪ್ರಕಟಿಸಿದರು. ತೋನೊ ಎಂಬ ಬೆಟ್ಟಸೀಮೆಯ 119 ಪ್ರಸಂಗಗಳನ್ನು ಅವರಿಗೆ ಹೇಳಿದವರು ಅಲ್ಲಿಯ ಸಾಸಾಕಿ ಕಿಜೆನ್. ಆ ಹೆಸರನ್ನು ಯಾನಗಿತಾ ಮರೆಯದೆ ಹೇಳಿದ್ದಾರೆ. ಎಲ್ಲೋ ಒಂದು ಕಾಲದಲ್ಲಿ ನಡೆದದ್ದಾಗಿ ಹೇಳುವ ಕಾಲ್ಪನಿಕ ಕಥೆಯನ್ನೂ, ಒಂದು ಮರ, ಕಲ್ಲು, ಕೊಳಕ್ಕೆ ಅಂಟಿಕೊಂಡು ನಂಬಿಕೆ ಬೇಡುವ ಐತಿಹ್ಯವನ್ನೂ ಬೇರೆ ಬೇರೆಯಾಗಿ ಓದಬೇಕೆಂದು ಅವರು ಕಲಿಸಿದರು. 1950ರ ದಶಕದಲ್ಲಿ ಸೆಕಿ ಕೇಗೊ ದೇಶದ ಕಥೆಗಳನ್ನು ವರ್ಗೀಕರಿಸಿ ಸಂಪುಟಗಳನ್ನು ತಂದರು. ನಂತರದ ತಲೆಮಾರು ಯಾನಗಿತಾರನ್ನೇ ಪ್ರಶ್ನಿಸಿತು. ಸಾಸಾಕಿಯ ಆಡುಮಾತನ್ನು ಅವರು ಶಿಷ್ಟ ಸಾಹಿತ್ಯದ ಭಾಷೆಗೆ ತಿದ್ದಿದ್ದರು. ತಮಗೆ ಒಗ್ಗದ ಕೆಲವು ಬಗೆಯ ಕಥೆಗಳನ್ನು ದೂರ ಇಟ್ಟಿದ್ದರು. ಸಂಗ್ರಹಕಾರನ ಭಾಷೆ ಕಥೆಗಾರನ ದನಿಯನ್ನು ನುಂಗುತ್ತದೆ ಎಂಬುದು ಅಲ್ಲಿ ವಿದ್ವತ್ತಿನ ಮುಖ್ಯ ಆತಂಕವಾಯಿತು. ನಮ್ಮಲ್ಲೂ ಅದೇ ಆತಂಕಕ್ಕೆ ಸಾಕಷ್ಟು ಕಾರಣಗಳಿವೆ.

ಇನ್ನೊಂದು ಬಗೆಯ ಸಾಹಿತ್ಯ, ದೊಡ್ಡವರ ಸುತ್ತ ಹುಟ್ಟುವ ಸಣ್ಣ ಪ್ರಸಂಗಗಳದ್ದು, ಹಂಪಿಯಲ್ಲಿ ಸಮೃದ್ಧವಾಗಿದೆ. ಹಳೇಬೀಡಿನ ಲೆಕ್ಕದ ಮನೆಯಲ್ಲಿ ಕೂತಿದ್ದ ಹರಿಹರ ಕವಿ ಹಂಪಿಯ ವಿರೂಪಾಕ್ಷನ ಪರದೆಗೆ ಹತ್ತಿದ ಬೆಂಕಿಯನ್ನು ಅಲ್ಲಿಂದಲೇ ಆರಿಸಿದ ಕಥೆ, ರಾಘವಾಂಕನಿಗೆ ಅವನು ಹೊಡೆದ ಕಥೆ ನಮ್ಮ ಸಾಹಿತ್ಯ ಚರಿತ್ರೆಗಳ ತನಕ ಬಂದಿವೆ. ತೆನಾಲಿ ರಾಮಕೃಷ್ಣನ ಕಥೆಗಳಂತೂ ದಕ್ಷಿಣದ ಎಲ್ಲ ಭಾಷೆಗಳಲ್ಲೂ ಇವೆ. 'ಪಾಂಡುರಂಗ ಮಾಹಾತ್ಮ್ಯಮು' ಬರೆದ ತೆನಾಲಿ ರಾಮಕೃಷ್ಣ ಕೃಷ್ಣದೇವರಾಯನಿಗಿಂತ ಈಚಿನವನೆಂಬ ವಾದ ಗಟ್ಟಿಯಾದದ್ದು. ಹಾಗಿದ್ದರೂ ಕಥೆಗಳು ಅವನನ್ನು ಆ ಆಸ್ಥಾನದಲ್ಲೇ ಕೂರಿಸುತ್ತವೆ. ವೆಲ್ಚೇರು ನಾರಾಯಣರಾವ್ ಮತ್ತು ಡೇವಿಡ್ ಶುಲ್ಮನ್ 1998ರಲ್ಲಿ ಚಾಟು ಎಂಬ ಬಿಡಿ ಪದ್ಯಗಳ ಬಗ್ಗೆ ಬರೆದಾಗ, ಬೇರೆ ಬೇರೆ ಕಾಲದ ಕವಿಗಳನ್ನು ಒಂದೇ ಸಭೆಗೆ ತರುವುದೇ ಈ ಪರಂಪರೆಯ ಕ್ರಮ, ಕಾವ್ಯವನ್ನು ಅಳೆಯುವ ಒಂದು ಸಮುದಾಯದ ವಿಮರ್ಶೆ ಅದರಲ್ಲಿದೆ ಎಂದು ವಿವರಿಸಿದರು. ಜಪಾನಿನಲ್ಲಿ ಇಕ್ಕ್ಯೂ ಎಂಬ ಜೆನ್ ಗುರುವಿಗೆ (1394–1481) ಇದೇ ಆಯಿತು. ಅವನು ಚೀನೀ ಶೈಲಿಯಲ್ಲಿ ಕಠಿಣ ಪದ್ಯ ಬರೆದ ಕವಿ. 1668ರ 'ಇಕ್ಕ್ಯೂ ಬನಾಶಿ'ಯಿಂದ ಮುಂದೆ ಅವನು ಜಾಣ ಉತ್ತರಗಳ ಹುಡುಗನಾದ. ತೆನಾಲಿಯ ಕಥೆಗಳಲ್ಲಿ ರಾಜ, ರಾಜಗುರು, ಬಡವ, ಕಳ್ಳ ಎದುರಾಗುವ ರೀತಿಯನ್ನು ಗಮನಿಸಿದರೆ, ಅಧಿಕಾರದ ಮುಂದೆ ಮಾತಿನ ಜಾಣ್ಮೆಯೊಂದನ್ನೇ ನೆಚ್ಚಿದ ಜನರ ಬಯಕೆಗಳು ಕಾಣುತ್ತವೆ. ಅದು 16ನೆಯ ಶತಮಾನದ ಆಸ್ಥಾನದ ವರದಿಯಲ್ಲದಿದ್ದರೂ ಬೆಲೆ ಕಡಿಮೆಯಾಗುವುದಿಲ್ಲ.

ಈ ಬಗೆಯ ಓದಿಗೆ ಗಟ್ಟಿಯಾದ ಆಕ್ಷೇಪಗಳಿವೆ. ಮೊದಲನೆಯದು ಚರಿತ್ರಕಾರರದ್ದು. ಐತಿಹ್ಯಕ್ಕೆ ಇಷ್ಟು ಮನ್ನಣೆ ಕೊಟ್ಟರೆ ಸುಳ್ಳು ಚರಿತ್ರೆಗೆ ಬಾಗಿಲು ತೆರೆದಂತೆ, ನಾಳೆ ಯಾರು ಬೇಕಾದರೂ ಜನಪದದ ಹೆಸರಿನಲ್ಲಿ ತಮಗೆ ಬೇಕಾದ ಗತಕಾಲವನ್ನು ತಂದು ನಿಲ್ಲಿಸಬಹುದು ಎಂಬ ಭಯ ಅವರದು. ಭಯ ನಿರಾಧಾರವಲ್ಲ. ಆದರೆ ಅದಕ್ಕೆ ಮದ್ದು ಪಾಠಾಂತರಗಳ ಹೋಲಿಕೆಯೇ. ಶಂಖದ ಕಥೆ ಒಂದೇ ಇದ್ದರೆ ಅದನ್ನು ಚರಿತ್ರೆ ಎಂದು ಮಾರಬಹುದು. ನೂನಿಜ್‌ನ ಹೇಳಿಕೆಯನ್ನು ಅದರ ಪಕ್ಕದಲ್ಲಿಟ್ಟ ಮೇಲೆ ಅದು ಆಗದು. ಎರಡನೆಯದು ಭಕ್ತರದ್ದು. ಕಿಷ್ಕಿಂಧೆಯನ್ನು ಪಾಠಾಂತರ ಎಂದರೆ ನಂಬಿಕೆಗೆ ಏಟು ಬೀಳುವುದಿಲ್ಲವೇ? ಬೀಳಬೇಕಾಗಿಲ್ಲ. ವಿರೂಪಾಕ್ಷನ ಕಲ್ಯಾಣಕ್ಕೆ ವರ್ಷವೂ ಸೇರುವ ಜನ ಶಾಸನ ಓದಿ ಬರುವವರಲ್ಲ, ಅವರ ನಂಬಿಕೆ ಆಚರಣೆಯಲ್ಲಿ ನಿಂತಿದೆ. ಅವರ ಕಥೆಗಳನ್ನು ಗಂಭೀರವಾಗಿ ಕೇಳಿಸಿಕೊಂಡು, ಹೆಸರು ಸಮೇತ ಬರೆದಿಡುವ ಅಧ್ಯಯನ ಅವರನ್ನು ಗೌರವಿಸುತ್ತದೆ. ಮೂರನೆಯದು ಸ್ತ್ರೀವಾದಿ ಓದಿನದು. ರತ್ನಾಜಿಯಂಥ ಕಥೆಗಳು ರಾಜ್ಯ ಕೆಟ್ಟದ್ದಕ್ಕೆ ಹೆಣ್ಣಿನ ಮೇಲೆ ಹೊರೆ ಹೊರಿಸುತ್ತವೆ. ಅವನ್ನು ಕಾಪಾಡುವುದೆಂದರೆ ಆ ಹೊರೆಯನ್ನೇ ಕಾಪಾಡಿದಂತೆ ಅಲ್ಲವೇ? ಮೂರರಲ್ಲಿ ಅತಿ ಭಾರವಾದದ್ದು ಇದು. ಹೊರೆ ಇರುವುದು ನಿಜ, ಅದನ್ನು ಮುಚ್ಚಬಾರದು. ಅದಕ್ಕೇ ಒಬ್ಬ ಗಂಡು ಕವಿ ಬರೆದ ಸಾಂಗತ್ಯವನ್ನೂ ಒಬ್ಬ ಹೆಣ್ಣು ರಾತ್ರಿಯಿಡೀ ಹಾಡಿದ ಪಾಠವನ್ನೂ ಸಾಲು ಸಾಲಾಗಿ ಹೋಲಿಸಿ, ರತ್ನಾಜಿಗೆ ಎಲ್ಲಿ ಮಾತು ಸಿಕ್ಕಿದೆ, ಎಲ್ಲಿ ಇಲ್ಲ ಎಂದು ನೋಡುವ ಕೆಲಸ ಆಗಬೇಕು.

ಅಂಥ ಕೆಲಸಕ್ಕೆ ನೆಲ ಸಿದ್ಧವಿದೆ. ಹಲಸಂಗಿ ಗೆಳೆಯರ ಕಾಲದಿಂದ ಜೀ. ಶಂ. ಪರಮಶಿವಯ್ಯನವರ ಕ್ಷೇತ್ರಕಾರ್ಯದವರೆಗೆ ಕನ್ನಡ ಜಾನಪದ ಸಂಗ್ರಹಕ್ಕೆ ದೊಡ್ಡ ಪರಂಪರೆ ಇದೆ. ಒಂದೇ ಕಥೆ ಮನೆಯೊಳಗೆ ಅಜ್ಜಿ ಹೇಳುವಾಗ ಹೇಗಿರುತ್ತದೆ, ಬಯಲಿನಲ್ಲಿ ವೃತ್ತಿಗಾಯಕರು ಹಾಡುವಾಗ ಹೇಗೆ ಬದಲಾಗುತ್ತದೆ ಎಂಬುದನ್ನು ಕನ್ನಡದ ಉದಾಹರಣೆಗಳಿಂದಲೇ ಎ. ಕೆ. ರಾಮಾನುಜನ್ ತೋರಿಸಿಕೊಟ್ಟಿದ್ದಾರೆ. 1991ರಲ್ಲಿ ಚಂದ್ರಶೇಖರ ಕಂಬಾರರು ಮೊದಲ ಕುಲಪತಿಯಾಗಿ ಆರಂಭವಾದ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಜನಪದ ಮಹಾಕಾವ್ಯಗಳನ್ನು ಅಚ್ಚಿಗೆ ತಂದಿತು. ಸಂಡೂರು ತಾಲೂಕಿನ ದರೋಜಿಯ ಬುಡ್ಗ ಜಂಗಮ ಸಮುದಾಯದ ಬುರ್ರಕಥಾ ಈರಮ್ಮ ಅಕ್ಷರ ಬಾರದೆಯೂ ಹತ್ತಾರು ಕಥನಕಾವ್ಯಗಳನ್ನು ನೆನಪಿನಲ್ಲಿ ಹೊತ್ತಿದ್ದರು, ಕುಮಾರರಾಮನ ಕಥೆ ಅವುಗಳಲ್ಲೊಂದು. 2003ರಲ್ಲಿ ವಿಶ್ವವಿದ್ಯಾಲಯ ಅವರಿಗೆ ನಾಡೋಜ ಪದವಿ ನೀಡಿತು. 2014ರಲ್ಲಿ ಅವರು ತೀರಿಕೊಂಡರು. ಮನೆಮಾತು ತೆಲುಗಾಗಿದ್ದ ಸಮುದಾಯದ ಒಬ್ಬ ಹೆಣ್ಣುಮಗಳು ಕನ್ನಡದ ಅತಿ ದೊಡ್ಡ ಸ್ಥಳೀಯ ವೀರಕಥೆಯನ್ನು ಕಾಪಾಡಿದರು. ಕಂಪಿಲಿಯ ಕಥೆ ಯಾರದು, ತೆಲುಗರದೋ ಕನ್ನಡಿಗರದೋ ಎಂದು ವಾದಿಸಿದ ಶತಮಾನಕ್ಕೆ ಈರಮ್ಮನವರ ಬಾಳೇ ಉತ್ತರ.

ಕೊರತೆ ಇರುವುದು ಸಂಗ್ರಹಕ್ಕಿಂತ ಸಂಬಂಧ ಕಟ್ಟುವ ಕಡೆ. ಶಾಸನ ಓದುವವರು ಒಂದು ಕಡೆ, ಬೂದಿಗುಡ್ಡೆ ಅಗೆಯುವವರು ಇನ್ನೊಂದು ಕಡೆ, ಹಾಡು ಬರೆದುಕೊಳ್ಳುವವರು ಮತ್ತೊಂದು ಕಡೆ ಇದ್ದಾರೆ. 2021ರಲ್ಲಿ ವಿಜಯನಗರ ಜಿಲ್ಲೆ ಆದ ಮೇಲೆ ಹೊಸಪೇಟೆ, ಹಂಪಿ ಒಂದು ಜಿಲ್ಲೆಗೂ ಸಂಡೂರು, ಕಂಪ್ಲಿ ಬಳ್ಳಾರಿಗೂ ಸೇರಿವೆ. ಆನೆಗೊಂದಿ, ಕುಮ್ಮಟದುರ್ಗ ಕೊಪ್ಪಳದಲ್ಲಿವೆ. ಕುಮಾರರಾಮನ ಕಥೆಗೆ ಈ ಗಡಿಗಳು ಗೊತ್ತಿಲ್ಲ, ಆದರೆ ಸಮೀಕ್ಷೆಗಳು ಜಿಲ್ಲೆಯ ಗೆರೆಗೇ ನಿಲ್ಲುತ್ತವೆ. 1986ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದ ಹಂಪಿಯ ಸ್ಮಾರಕಗಳಿಗೆ ಕಾವಲು ಇದೆ. ಆ ಸ್ಮಾರಕಗಳಿಗೆ ಅಂಟಿದ ಕಥೆಗಳಿಗೆ ಇಲ್ಲ. ಸಂಡೂರಿನ ಗುಡ್ಡಗಳಲ್ಲಿ ಅದಿರಿಗಾಗಿ ನೆಲ ಅಗೆದಾಗ ಕಲ್ಲು, ತೊರೆ, ಗವಿಗಳ ಜೊತೆ ಅವುಗಳ ಐತಿಹ್ಯವೂ ನೆಲೆ ಕಳೆದುಕೊಳ್ಳುತ್ತದೆ. ಐತಿಹ್ಯ ಜಾಗಕ್ಕೆ ಅಂಟಿ ಬದುಕುವ ಬಗೆಯದ್ದಾದ್ದರಿಂದ, ತೋರಿಸಲು ಜಾಗ ಇಲ್ಲದಾದ ಮೇಲೆ ಅದು ಎರಡು ತಲೆಮಾರು ಬಾಳುವುದು ಕಷ್ಟ.

ಆದ್ದರಿಂದ ಮೊದಲು ಆಗಬೇಕಾದದ್ದು ಮೂರೂ ಜಿಲ್ಲೆಗಳನ್ನು ಒಳಗೊಂಡ ಒಂದು ಸ್ಥಳಕಥಾ ಕೋಶ. ಅದರಲ್ಲಿ ಪ್ರತಿ ಕಥೆಗೂ ಜಾಗದ ಗುರುತು, ಹೇಳಿದವರ ಒಪ್ಪಿಗೆಯೊಂದಿಗೆ ಅವರ ಪರಿಚಯ, ಹೇಳಿದ ಸಂದರ್ಭ, ದಿನಾಂಕ, ಧ್ವನಿಮುದ್ರಣ ಇರಬೇಕು. ಕನ್ನಡ, ತೆಲುಗು, ಉರ್ದು, ಲಂಬಾಣಿ ಯಾವ ಭಾಷೆಯಲ್ಲಿ ಹೇಳಿದರೋ ಆ ಭಾಷೆಯಲ್ಲೇ ಇರಬೇಕು. ಪಾಯಸ್, ನೂನಿಜ್, ಕೈಫಿಯತ್ತು, ಗೆಜೆಟಿಯರ್‌ಗಳಲ್ಲಿರುವ ಹಳೆಯ ಪಾಠಗಳನ್ನು ಅದೇ ಪುಟಕ್ಕೆ ಸೇರಿಸಬೇಕು. ಹಂಪಿಯ ಮಾರ್ಗದರ್ಶಿಗಳು ಇಂದು ಪ್ರವಾಸಿಗರಿಗೆ ಹೇಳುತ್ತಿರುವುದನ್ನೂ ಬಿಡಬಾರದು. 21ನೆಯ ಶತಮಾನ ಈ ಪಾಳುನಗರವನ್ನು ಹೇಗೆ ಕಂಡಿತು ಎಂಬುದಕ್ಕೆ ಮುಂದಿನವರಿಗೆ ಅದೇ ಸಾಕ್ಷಿ. ಇದಕ್ಕೆ ಬೇಕಾದ ಭಾಷಾಜ್ಞಾನ, ಹಸ್ತಪ್ರತಿ, ಕ್ಷೇತ್ರಕಾರ್ಯದ ಅನುಭವ ಎಲ್ಲವೂ ಹಂಪಿಯ ಸುತ್ತಲೇ ಇವೆ. ಕಥೆ ನಿಜವೋ ಸುಳ್ಳೋ ಎಂದು ತೀರ್ಪು ಕೊಡುವ ಆತುರವನ್ನು ಬದಿಗಿಟ್ಟು, ಅದನ್ನು ಹೇಳಿದವರನ್ನು ಚರಿತ್ರೆಯ ಒಳಗೆ ಕರೆದುಕೊಳ್ಳುವ ವಿದ್ವತ್ತು ಮಾತ್ರ ಈ ಸೀಮೆಯ ಐತಿಹ್ಯಗಳಿಗೆ ನ್ಯಾಯ ಒದಗಿಸಬಲ್ಲದು.